ಗೂಳೂರಿನ ಅರ್ಜಿ, ಕೋರಮಂಗಲದ ಸಹಿ

ತುಮಕೂರು ಬಿಟ್ಟು ಕುಣಿಗಲ್ ರಸ್ತೆ ಹಿಡಿದರೆ ಸ್ವಲ್ಪ ದೂರಕ್ಕೇ ಗೂಳೂರು ಸಿಗುತ್ತದೆ. ಹೊರಗಿನವರಿಗೆ ಈ ಊರು ಗೊತ್ತಿರುವುದು ಗಣಪನಿಂದ. ನಾಡಿನ ಉಳಿದೆಡೆ ಚೌತಿಯಂದು ಗಣಪನನ್ನು ಕೂರಿಸಿದರೆ ಗೂಳೂರಿನಲ್ಲಿ ಅಂದು ಮೂರ್ತಿ ಮಾಡುವ ಕೆಲಸ ಶುರುವಾಗುತ್ತದೆ. ಊರ ಕೆರೆಯ ಮಣ್ಣಿನಿಂದ ಎದ್ದ ಭಾರಿ ಗಣಪನಿಗೆ ದೀಪಾವಳಿಯಿಂದ ಪೂಜೆ, ತಿಂಗಳ ಬಳಿಕ ಅದೇ ಕೆರೆಯಲ್ಲಿ ವಿಸರ್ಜನೆ. ಪಕ್ಕದಲ್ಲೇ ಜಕಣಾಚಾರಿಯ ಕಥೆ ಹೊತ್ತ ಕೈದಾಳ. ಇಂಥ ನೆಲದ ಮಕ್ಕಳು ಈಗ ನರ್ಸಿಂಗ್ ಓದಿ ಕೊಲ್ಲಿ ದೇಶಗಳ ಆಸ್ಪತ್ರೆಗಳಿಗೆ, ಎಂಜಿನಿಯರಿಂಗ್ ಮುಗಿಸಿ ಜರ್ಮನಿಗೆ, ಡ್ರೈವಿಂಗ್ ಕಲಿತು ದುಬೈಗೆ ಹೋಗಲು ಸಿದ್ಧರಾಗುತ್ತಾರೆ. ಎಲ್ಲರೂ ಹತ್ತಬೇಕಾದ ಮೊದಲ ಮೆಟ್ಟಿಲು ಒಂದೇ, ಪಾಸ್‌ಪೋರ್ಟ್.

ಒಂದು ಅರ್ಜಿಯನ್ನು ಉದಾಹರಣೆಗೆ ಇಟ್ಟುಕೊಳ್ಳೋಣ. ಅರ್ಜಿದಾರಳು ಕಲ್ಪಿತ, ತೊಡಕು ಮಾತ್ರ ನಮ್ಮ ಯಾವ ಹೋಬಳಿಯಲ್ಲಾದರೂ ಕಾಣುವಂಥದ್ದು. ನರ್ಸಿಂಗ್ ಮುಗಿಸಿದ ಹುಡುಗಿ. ಅಪ್ಪನಿಗೂ ದಾಯಾದಿಗಳಿಗೂ ಹೊಲದ ಬದುವಿನ ವಿಚಾರಕ್ಕೆ ಜಗಳ. ಒಂದು ದಿನ ಮಾತಿಗೆ ಮಾತು ಬೆಳೆದು ಠಾಣೆಯ ಮೆಟ್ಟಿಲು ಹತ್ತಿದ್ದಾರೆ. ಹಳ್ಳಿಯ ದೂರುಗಳ ರೀತಿ ಗೊತ್ತಲ್ಲ, ಜಗಳದಲ್ಲಿ ಇದ್ದವರು, ಇಲ್ಲದವರು, ಅಡುಗೆಮನೆಯಿಂದ ಇಣುಕಿದವರು, ಮನೆಯ ಅಷ್ಟೂ ಜನರ ಹೆಸರು ದೂರಿನಲ್ಲಿ ಸೇರುತ್ತದೆ. ಕೈಯಿಂದ ಹೊಡೆದರು, ಅವಾಚ್ಯವಾಗಿ ಬೈದರು, ಜೀವ ಬೆದರಿಕೆ ಹಾಕಿದರು ಎಂಬ ಮೂರು ಸಾಲು. ನಾಲ್ಕನೇ ಆರೋಪಿಯಾಗಿ ಹುಡುಗಿಯ ಹೆಸರು. ಎರಡು ವರ್ಷ ಕಳೆದರೂ ತನಿಖೆ ಮುಗಿದಿಲ್ಲ, ಕೋರ್ಟಿಗೆ ಏನೂ ಹೋಗಿಲ್ಲ. ಎರಡೂ ಮನೆಯವರು ಆ ಕೇಸನ್ನೇ ಮರೆತಿದ್ದಾರೆ.

ಹುಡುಗಿ 1,500 ರೂಪಾಯಿ ಶುಲ್ಕ ಕಟ್ಟಿ, ತುಮಕೂರಿನ ಅಂಚೆ ಕಚೇರಿಯ ಪಾಸ್‌ಪೋರ್ಟ್ ಸೇವಾ ಕೇಂದ್ರದಲ್ಲಿ ಬೆರಳಚ್ಚು, ಫೋಟೊ ಕೊಟ್ಟು ಬರುತ್ತಾಳೆ. ಕಡತ ಆನ್‌ಲೈನ್‌ನಲ್ಲಿ ಜಿಲ್ಲಾ ಪೊಲೀಸ್ ಕಚೇರಿಗೆ, ಅಲ್ಲಿಂದ ಠಾಣೆಗೆ ಇಳಿಯುತ್ತದೆ. ಠಾಣೆಯ ಕಂಪ್ಯೂಟರಿನಲ್ಲಿ ಹೆಸರು ಹುಡುಕಿದಾಗ ಆ ಹಳೆಯ ಕ್ರೈಂ ನಂಬರ್ ಏಳುತ್ತದೆ. ವರದಿ ‘ಅಡ್ವರ್ಸ್’. ಅಲ್ಲಿಗೆ ಎಲ್ಲ ನಿಂತಿತು. ಮೊಬೈಲಿನಲ್ಲಿ ಸ್ಟೇಟಸ್ ನೋಡಿದರೆ ಪೊಲೀಸ್ ವರದಿ ಪ್ರತಿಕೂಲ ಎಂಬ ಒಂದು ಸಾಲು. ಕೇಳಲು ಹೋದರೆ ಠಾಣೆಯವರು ‘ನಮ್ಮ ಕೆಲಸ ಮುಗಿಯಿತು, ಪಾಸ್‌ಪೋರ್ಟ್ ಆಫೀಸಿನಲ್ಲಿ ಕೇಳಿ’ ಎನ್ನುತ್ತಾರೆ, ಪಾಸ್‌ಪೋರ್ಟ್ ಆಫೀಸಿನವರು ‘ಠಾಣೆಯಲ್ಲಿ ಸರಿಮಾಡಿಸಿಕೊಂಡು ಬನ್ನಿ’ ಎನ್ನುತ್ತಾರೆ. ಕೊಡುವುದಿಲ್ಲ ಎಂದು ಯಾರೂ ಬರೆದು ಹೇಳಿಲ್ಲ. ಕೊಡುತ್ತೇವೆ ಎಂದೂ ಹೇಳಿಲ್ಲ. ಅತ್ತ ಆಸ್ಪತ್ರೆ ಕೊಟ್ಟ ಗಡುವು ಮುಗಿಯುತ್ತ ಬರುತ್ತದೆ.

ಈ ಲೇಖನ ಬರೆಯಲು ಕಾರಣ ಆ ಮೌನ. ಏಕೆಂದರೆ ಕಾನೂನು ಅಧಿಕಾರಿಗೆ ಮೌನವಾಗಿರುವ ಅಧಿಕಾರವನ್ನೇ ಕೊಟ್ಟಿಲ್ಲ.

1967ರ ಪಾಸ್‌ಪೋರ್ಟ್ ಕಾಯ್ದೆಯ 5ನೇ ಸೆಕ್ಷನ್ ಬಹಳ ಚಿಕ್ಕದು. ಅರ್ಜಿ ಬಂದ ಮೇಲೆ ಪಾಸ್‌ಪೋರ್ಟ್ ಪ್ರಾಧಿಕಾರಿಯು ತನಗೆ ಅಗತ್ಯವೆನಿಸಿದ ವಿಚಾರಣೆಯನ್ನೇನಾದರೂ ನಡೆಸಿ, ಲಿಖಿತ ಆದೇಶದ ಮೂಲಕ ಮೂರರಲ್ಲಿ ಒಂದನ್ನು ಮಾಡಬೇಕು. ಒಂದು, ಪಾಸ್‌ಪೋರ್ಟ್ ಕೊಡುವುದು. ಎರಡು, ಅರ್ಜಿಯಲ್ಲಿ ಕೇಳಿದ ಕೆಲವು ದೇಶಗಳನ್ನು ಬಿಟ್ಟು ಉಳಿದವಕ್ಕೆ ಕೊಡುವುದು. ಮೂರು, ನಿರಾಕರಿಸುವುದು. ನಾಲ್ಕನೆಯದು ಇಲ್ಲ. ‘ಫೈಲ್ ಕ್ಲೋಸ್ ಮಾಡಲಾಗಿದೆ’, ‘ಅಡ್ವರ್ಸ್ ಎಂದು ಬಾಕಿ ಇದೆ’ ಎಂಬ ಸ್ಥಿತಿಗಳು ಕಂಪ್ಯೂಟರಿನ ಪರದೆಯ ಮೇಲೆ ಇರಬಹುದು, ಕಾಯ್ದೆಯ ಆ ಸಾಲುಗಳಲ್ಲಿ ಇಲ್ಲ. ನಿರಾಕರಿಸಿದರೆ ಕಾರಣವನ್ನು ಸಂಕ್ಷಿಪ್ತವಾಗಿಯಾದರೂ ಬರೆದಿಡಬೇಕು, ಅರ್ಜಿದಾರರು ಕೇಳಿದರೆ ಅದರ ಪ್ರತಿ ಕೊಡಬೇಕು. ದೇಶದ ಸಾರ್ವಭೌಮತೆ, ಭದ್ರತೆ, ವಿದೇಶಗಳೊಂದಿಗಿನ ಸಂಬಂಧ, ಸಾರ್ವಜನಿಕ ಹಿತ ಇವುಗಳಿಗೆ ಧಕ್ಕೆಯಾಗುವ ಸಂದರ್ಭಗಳಲ್ಲಿ ಮಾತ್ರ ಪ್ರತಿ ಕೊಡದೆ ಇರಬಹುದು. ಗೂಳೂರಿನ ಬದುವಿನ ಜಗಳದಲ್ಲಿ ಭಾರತದ ಭದ್ರತೆಯ ಪ್ರಶ್ನೆ ಎಲ್ಲಿಂದ ಬರಬೇಕು?

ಇನ್ನೊಂದು ಸಂಗತಿ. ಈ ಸೆಕ್ಷನ್ನಿನಲ್ಲಿ ಪೊಲೀಸ್ ಎಂಬ ಮಾತೇ ಬರುವುದಿಲ್ಲ. ತೀರ್ಮಾನ ಮಾಡಬೇಕಾದವರು ಪಾಸ್‌ಪೋರ್ಟ್ ಪ್ರಾಧಿಕಾರಿ, ಅಂದರೆ ತುಮಕೂರಿನ ಮಟ್ಟಿಗೆ ಬೆಂಗಳೂರಿನ ಕೋರಮಂಗಲದಲ್ಲಿರುವ ಪ್ರಾದೇಶಿಕ ಪಾಸ್‌ಪೋರ್ಟ್ ಕಚೇರಿ. ಠಾಣೆಯಿಂದ ಬರುವುದು ಮಾಹಿತಿ. ಅದನ್ನು ತೂಗಿ ನೋಡಿ, ಕಾಯ್ದೆಯ ಯಾವ ಖಂಡಕ್ಕೆ ಅದು ಬೀಳುತ್ತದೆ, ಬೀಳುವುದೇ ಇಲ್ಲವೇ ಎಂದು ಸ್ವಂತ ವಿವೇಚನೆಯಿಂದ ಬರೆಯುವ ಹೊಣೆ ಅಧಿಕಾರಿಯದು. ‘ಪೊಲೀಸರು ಬೇಡ ಎಂದರು, ಹಾಗಾಗಿ ಇಲ್ಲ’ ಎಂದರೆ ಸಂಸತ್ತು ತನಗೆ ಕೊಟ್ಟ ಅಧಿಕಾರವನ್ನು ಆತ ಠಾಣೆಯ ಬರಹಗಾರರ ಕೈಗೆ ಒಪ್ಪಿಸಿದ ಹಾಗಾಯಿತು.

ನಿರಾಕರಣೆಯ ಕಾರಣಗಳಾದರೂ ಯಾವುವು? 6ನೇ ಸೆಕ್ಷನ್ನಿನ ಎರಡನೇ ಉಪಸೆಕ್ಷನ್ ಅವನ್ನು ಎಣಿಸಿ ಕೊಟ್ಟಿದೆ. ಪಟ್ಟಿ ಶುರುವಾಗುವ ಮೊದಲೇ ಈ ಕಾರಣಗಳಿಗಾಗಿ ಮಾತ್ರ, ಬೇರೆ ಯಾವ ಕಾರಣಕ್ಕೂ ಅಲ್ಲ ಎಂಬ ಅರ್ಥದ ಮಾತು ಸ್ಪಷ್ಟವಾಗಿ ಬರುತ್ತದೆ. ಅರ್ಜಿದಾರ ಭಾರತದ ಪ್ರಜೆ ಅಲ್ಲದಿರುವುದು. ಹೊರಗೆ ಹೋಗಿ ದೇಶದ ಅಖಂಡತೆಗೆ, ಭದ್ರತೆಗೆ, ಮಿತ್ರ ದೇಶಗಳ ಸಂಬಂಧಕ್ಕೆ ಕುಂದು ತರುವ ಸಂಭವ. ಅರ್ಜಿಗೆ ಹಿಂದಿನ ಐದು ವರ್ಷಗಳಲ್ಲಿ ನೈತಿಕ ಅಧಃಪತನದ ಅಪರಾಧಕ್ಕಾಗಿ ಎರಡು ವರ್ಷಕ್ಕೆ ಕಡಿಮೆಯಿಲ್ಲದ ಜೈಲು ಶಿಕ್ಷೆ ಆಗಿರುವುದು. ಕ್ರಿಮಿನಲ್ ನ್ಯಾಯಾಲಯದ ಮುಂದೆ ಪ್ರಕರಣ ಬಾಕಿ ಇರುವುದು. ವಾರಂಟ್, ಸಮನ್ಸ್ ಅಥವಾ ದೇಶ ಬಿಡಬಾರದೆಂಬ ಕೋರ್ಟ್ ಆದೇಶ. ಹಿಂದೊಮ್ಮೆ ಸರ್ಕಾರದ ಖರ್ಚಿನಲ್ಲಿ ವಾಪಸ್ ಬಂದು ಆ ಹಣ ತೀರಿಸದಿರುವುದು. ಕೊನೆಗೆ, ಪಾಸ್‌ಪೋರ್ಟ್ ಕೊಡುವುದು ಸಾರ್ವಜನಿಕ ಹಿತಕ್ಕೆ ಸಲ್ಲದು ಎಂಬ ಕೇಂದ್ರ ಸರ್ಕಾರದ ಅಭಿಪ್ರಾಯ. ಇದಿಷ್ಟೇ. ಈ ಪಟ್ಟಿಯಲ್ಲಿ ಊರಿನ ಮಾತು, ಜಾತಿ, ಯಾರದೋ ಮೂಗರ್ಜಿ, ಠಾಣೆಯವರ ಅಸಮಾಧಾನ ಇವು ಯಾವುವೂ ಇಲ್ಲ.

ನಮ್ಮ ಹುಡುಗಿಗೆ ಅಡ್ಡ ಬರುವುದು ಮೇಲಿನ ಪಟ್ಟಿಯಲ್ಲಿ ‘ಎಫ್’ ಎಂಬ ಖಂಡ, ಕ್ರಿಮಿನಲ್ ನ್ಯಾಯಾಲಯದ ಮುಂದೆ ಬಾಕಿ ಇರುವ ಪ್ರಕರಣ. ಇಲ್ಲಿ ಸ್ವಲ್ಪ ನಿಂತು ನೋಡಬೇಕು. ಕೋರ್ಟ್ ಕಚೇರಿ ಅಲೆದ ಯಾವ ರೈತನಿಗೂ ಕ್ರೈಂ ನಂಬರಿಗೂ ಸಿ.ಸಿ. ನಂಬರಿಗೂ ಇರುವ ವ್ಯತ್ಯಾಸ ಗೊತ್ತು. ಠಾಣೆಯಲ್ಲಿ ಎಫ್‌ಐಆರ್ ಆದಾಗ ಬೀಳುವುದು ಕ್ರೈಂ ನಂಬರ್. ತನಿಖೆ ಮುಗಿದು, ದೋಷಾರೋಪ ಪಟ್ಟಿ ಮ್ಯಾಜಿಸ್ಟ್ರೇಟರ ಮುಂದೆ ಹೋಗಿ, ಅವರು ಅದನ್ನು ಓದಿ ವಿಚಾರಣೆಗೆ ಅಂಗೀಕರಿಸಿದ ಮೇಲೆ ಬೀಳುವುದು ಸಿ.ಸಿ. ನಂಬರ್. ನಡುವೆ ‘ಬಿ’ ರಿಪೋರ್ಟ್ ಆಗಿ ಎಲ್ಲ ಮುಗಿದೇ ಹೋಗಬಹುದು. ತುಮಕೂರಿನ ಕೋರ್ಟ್ ಆವರಣದಲ್ಲಿ ವಕೀಲರು ಕಕ್ಷಿದಾರರನ್ನು ಮೊದಲು ಕೇಳುವುದೂ ಇದನ್ನೇ, ‘ಸಿ.ಸಿ. ಆಗಿದೆಯಾ?’ ಕಾಯ್ದೆ ಹೇಳುವುದು ನ್ಯಾಯಾಲಯದ ಮುಂದೆ ಬಾಕಿ ಇರುವ ಪ್ರಕರಣವನ್ನು. ಠಾಣೆಯ ಕಪಾಟಿನಲ್ಲಿ ಎರಡು ವರ್ಷದಿಂದ ಕೂತ ಎಫ್‌ಐಆರ್ ನ್ಯಾಯಾಲಯದ ಮುಂದಿಲ್ಲ.

ಇದು ನನ್ನ ವ್ಯಾಖ್ಯಾನ ಅಂದುಕೊಳ್ಳಬೇಡಿ. 2019ರ ಅಕ್ಟೋಬರ್ 10ರಂದು ವಿದೇಶಾಂಗ ಸಚಿವಾಲಯವೇ ತನ್ನ ಪಾಸ್‌ಪೋರ್ಟ್ ಕಚೇರಿಗಳಿಗೆ ಜ್ಞಾಪನ ಪತ್ರ ಕಳುಹಿಸಿ ಇದನ್ನು ಹೇಳಿದೆ. ಬರೀ ಎಫ್‌ಐಆರ್ ಆಗಿರುವುದು, ತನಿಖೆಯ ಹಂತದಲ್ಲಿರುವುದು ಆ ಖಂಡದ ವ್ಯಾಪ್ತಿಗೆ ಬರುವುದಿಲ್ಲ, ನ್ಯಾಯಾಲಯದಲ್ಲಿ ಕೇಸು ದಾಖಲಾಗಿ ನ್ಯಾಯಾಲಯ ಅದನ್ನು ಅಂಗೀಕರಿಸಿದ್ದರೆ ಮಾತ್ರ ಪ್ರಕರಣ ಬಾಕಿ ಇದೆ ಎಂದು ಎಣಿಸಬೇಕು ಎಂಬುದು ಅದರ ತಿರುಳು. ಹೀಗಿದ್ದ ಮೇಲೆ ಅಡ್ವರ್ಸ್ ವರದಿ ಬಂದ ತಕ್ಷಣ ಅಧಿಕಾರಿ ಕೇಳಬೇಕಾದ ಪ್ರಶ್ನೆ ಒಂದೇ. ಯಾವ ಕೋರ್ಟು, ಯಾವ ಸಿ.ಸಿ. ನಂಬರ್? ಉತ್ತರ ಇಲ್ಲವಾದರೆ ಆ ಕಾರಣ ಅಲ್ಲಿಗೆ ಬಿದ್ದುಹೋಯಿತು. ಇ-ಕೋರ್ಟ್ ಜಾಲತಾಣದಲ್ಲಿ ಕೇಸಿನ ಸ್ಥಿತಿಗತಿ ಯಾರು ಬೇಕಾದರೂ ನೋಡಬಹುದಾದ ಈ ಕಾಲದಲ್ಲಿ ಅದೇನು ದೊಡ್ಡ ಕೆಲಸವಲ್ಲ.

ಸಿ.ಸಿ. ಆಗಿಬಿಟ್ಟಿದ್ದರೆ? ಆಗಲೂ ಬಾಗಿಲು ಮುಚ್ಚಿಲ್ಲ. 1993ರ ಆಗಸ್ಟ್ 25ರ ಅಧಿಸೂಚನೆಯೊಂದು ಇದೆ. ವಿಚಾರಣೆ ಎದುರಿಸುತ್ತಿರುವವರು ಆ ನ್ಯಾಯಾಲಯದಿಂದಲೇ ವಿದೇಶಕ್ಕೆ ಹೋಗಲು ಅನುಮತಿಯ ಆದೇಶ ತಂದರೆ, ಅದರಲ್ಲಿ ಹೇಳಿದ ಅವಧಿಗೆ ಪಾಸ್‌ಪೋರ್ಟ್ ಕೊಡಬೇಕು. ಅವಧಿ ಹೇಳಿರದಿದ್ದರೆ ಒಂದು ವರ್ಷಕ್ಕೆ. ಕರೆದಾಗ ಕೋರ್ಟಿಗೆ ಹಾಜರಾಗುತ್ತೇನೆ ಎಂಬ ಮುಚ್ಚಳಿಕೆಯನ್ನೂ ಬರೆದುಕೊಡಬೇಕಾಗುತ್ತದೆ. ಗುಬ್ಬಿಯ ಕೇಸಾದರೆ ಗುಬ್ಬಿ ಕೋರ್ಟು, ಕುಣಿಗಲ್ಲಿನದಾದರೆ ಕುಣಿಗಲ್ ಕೋರ್ಟು. ದಿಲ್ಲಿಗೆ ಹೋಗಬೇಕಿಲ್ಲ. ಮೂವತ್ತು ವರ್ಷ ದಾಟಿದ ಈ ದಾರಿಯನ್ನು ಸೇವಾ ಕೇಂದ್ರದ ಕಿಟಕಿಯಲ್ಲಿ ಯಾರಾದರೂ ಕನ್ನಡದಲ್ಲಿ ಎರಡು ಸಾಲು ಬರೆದು ಅಂಟಿಸಿದ್ದರೆ ಎಷ್ಟೋ ಮನೆಗಳ ಅಲೆದಾಟ ತಪ್ಪುತ್ತಿತ್ತು ಎಂದು ನನಗೆ ಪದೇ ಪದೇ ಅನಿಸಿದೆ.

ಶಿಕ್ಷೆಯ ವಿಚಾರದಲ್ಲೂ ಹಾಗೆಯೇ. 2021ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಒಂದು ನವೀಕರಣದ ಪ್ರಕರಣ ಬಂತು. ಶಿಕ್ಷೆ ಎರಡು ವರ್ಷಕ್ಕಿಂತ ಕಡಿಮೆ, ಮೇಲ್ಮನವಿ ಬಾಕಿ. ಪಟ್ಟಿಯಲ್ಲಿರುವ ಕಾರಣಗಳ ಹೊರಗೆ ಹೋಗಿ ನವೀಕರಣ ನಿರಾಕರಿಸುವಂತಿಲ್ಲ, ಮೇಲ್ಮನವಿ ಬಾಕಿ ಇರುವುದು ಅಂಥ ಕಾರಣವಲ್ಲ ಎಂದು ನ್ಯಾಯಾಲಯ ಹೇಳಿತು. ಶಿಕ್ಷೆಯಾದವರೊಂದಿಗೇ ಕಾನೂನು ಇಷ್ಟು ಅಳತೆಯಿಂದ ನಡೆದುಕೊಳ್ಳುವಾಗ, ಆರೋಪ ಇನ್ನೂ ಕೋರ್ಟಿನ ಬಾಗಿಲನ್ನೇ ಕಾಣದವರನ್ನು ಕಾಯಿಸುವುದಕ್ಕೆ ಏನು ಸಮರ್ಥನೆ ಇದೆ?

ಈ ಕಟ್ಟುಪಾಡುಗಳು ಯಾರೋ ಉದಾರಿಗಳು ಕೊಟ್ಟ ಕೊಡುಗೆಯಲ್ಲ. ಹೋರಾಡಿ ಪಡೆದಂಥವು, ಮತ್ತು ಆ ಹೋರಾಟದ ಒಂದು ಮುಖ್ಯ ಅಧ್ಯಾಯ ನಮ್ಮದೇ ರಾಜ್ಯದಲ್ಲಿ ನಡೆದಿದೆ. ಕನ್ನಡಿಗರು ಇದನ್ನು ಅಷ್ಟಾಗಿ ನೆನೆಯುವುದಿಲ್ಲವಾದ್ದರಿಂದ ಸ್ವಲ್ಪ ವಿವರವಾಗಿ ಹೇಳುತ್ತೇನೆ.

1967ಕ್ಕೆ ಮೊದಲು ಪಾಸ್‌ಪೋರ್ಟ್ ಯಾರಿಗೆ ಕೊಡಬೇಕು, ಯಾರಿಗೆ ಕೊಡಬಾರದು ಎಂಬುದಕ್ಕೆ ಕಾನೂನೇ ಇರಲಿಲ್ಲ. ಇದ್ದದ್ದು ಬ್ರಿಟಿಷರ ಕಾಲದ 1920ರ ಕಾಯ್ದೆ. ಅದು ದೇಶದ ಒಳಗೆ ಬರುವವರ ಬಗ್ಗೆ ಮಾತಾಡುತ್ತಿತ್ತೇ ಹೊರತು ಹೊರಗೆ ಹೋಗುವವರ ಬಗ್ಗೆ ಅಲ್ಲ. ಕೊಟ್ಟರೆ ಸರ್ಕಾರದ ದಯೆ, ಕಿತ್ತುಕೊಂಡರೆ ಸರ್ಕಾರದ ಇಷ್ಟ. ಆಗ, 1965ರಲ್ಲಿ, ಮೈಸೂರು ಹೈಕೋರ್ಟಿನ ಮುಂದೆ ಡಾ. ಎಸ್.ಎಸ್. ಸದಾಶಿವ ರಾವ್ ವಿರುದ್ಧ ಭಾರತ ಒಕ್ಕೂಟ ಎಂಬ ಪ್ರಕರಣ ಬಂತು. ಕಬ್ಬನ್ ಪಾರ್ಕಿನ ಅಂಚಿನಲ್ಲಿರುವ ಕೆಂಪು ಬಣ್ಣದ ಅಠಾರಾ ಕಚೇರಿ, ವಿಭಾಗೀಯ ಪೀಠ. ತೀರ್ಪು ಬರೆದವರು ಕಾರ್ಕಳ ಸೀಮೆಯ ಕೌಡೂರಿನ ನ್ಯಾಯಮೂರ್ತಿ ಕೆ.ಎಸ್. ಹೆಗ್ಡೆ. ವಿದೇಶಕ್ಕೆ ಹೋಗುವುದು ಸಂವಿಧಾನದ 21ನೇ ವಿಧಿ ಕೊಟ್ಟ ವೈಯಕ್ತಿಕ ಸ್ವಾತಂತ್ರ್ಯದ ಭಾಗ, ಕಾನೂನು ಗೊತ್ತುಪಡಿಸಿದ ಕ್ರಮವಿಲ್ಲದೆ ಅದನ್ನು ಕಸಿಯುವಂತಿಲ್ಲ ಎಂದು ಪೀಠ ತೀರ್ಮಾನಿಸಿತು. ಕೇರಳ ಮತ್ತು ಬಾಂಬೆ ಹೈಕೋರ್ಟುಗಳೂ ಇದೇ ನಿಲುವು ತಳೆದವು.

ಮರುವರ್ಷ ದಿಲ್ಲಿಯಲ್ಲಿ ವಾಹನಗಳ ಬಿಡಿಭಾಗ ಆಮದು ಮಾಡುತ್ತಿದ್ದ ಸತ್ವಂತ್ ಸಿಂಗ್ ಸಾಹ್ನಿ ಎಂಬ ವ್ಯಾಪಾರಿಗೆ ಸಹಾಯಕ ಪಾಸ್‌ಪೋರ್ಟ್ ಅಧಿಕಾರಿಯಿಂದ ಪತ್ರ ಬಂತು, ಪಾಸ್‌ಪೋರ್ಟ್ ಹಿಂದಿರುಗಿಸಿ ಎಂದು. ಆತ ಸುಪ್ರೀಂ ಕೋರ್ಟಿಗೆ ಹೋದರು. 1967ರ ಏಪ್ರಿಲ್ 10ರಂದು ಮುಖ್ಯ ನ್ಯಾಯಮೂರ್ತಿ ಕೆ. ಸುಬ್ಬರಾವ್ ಅವರ ನೇತೃತ್ವದ ಪೀಠ ಮೂವರು ಒಂದು ಕಡೆ, ಇಬ್ಬರು ಇನ್ನೊಂದು ಕಡೆಯಾಗಿ ತೀರ್ಪು ಕೊಟ್ಟಿತು. ಬಹುಮತ ಮೈಸೂರು ಹೈಕೋರ್ಟಿನ ತೀರ್ಪನ್ನು ಉಲ್ಲೇಖಿಸಿ ಅದೇ ದಾರಿ ಹಿಡಿಯಿತು. ಭಿನ್ನಮತದ ಹಿದಾಯತುಲ್ಲಾ ಮತ್ತು ಬಚಾವತ್ ಅವರು ಪಾಸ್‌ಪೋರ್ಟ್ ರಾಜಕೀಯ ಸ್ವರೂಪದ ದಾಖಲೆ, ಅದರ ಮೇಲೆ ಪ್ರಜೆಗೆ ಪೂರ್ಣ ಹಕ್ಕು ಇರಲಾರದು ಎಂದರು. ಸರ್ಕಾರ ತರಾತುರಿಯಲ್ಲಿ ಸುಗ್ರೀವಾಜ್ಞೆ ತಂದಿತು, ಜೂನ್ 24ಕ್ಕೆ ಅದು ಪಾಸ್‌ಪೋರ್ಟ್ ಕಾಯ್ದೆಯಾಯಿತು. ಇಂದು ಕೋರಮಂಗಲದ ಅಧಿಕಾರಿ ಸಹಿ ಹಾಕುವ ಅಧಿಕಾರ ಬಂದದ್ದು ಹೀಗೆ. ಪ್ರಜೆಯ ಹಕ್ಕು ಮೊದಲು ಬಂತು, ಅಧಿಕಾರಿಯ ಅಧಿಕಾರ ಆಮೇಲೆ.

ಇಲ್ಲೊಂದು ಮಾತು ಸೇರಿಸದೆ ಇರಲಾರೆ. ಸತ್ವಂತ್ ಸಿಂಗ್ ಪ್ರಕರಣದ ಬಹುಮತದಲ್ಲಿದ್ದವರಲ್ಲಿ ಒಬ್ಬರು ನ್ಯಾಯಮೂರ್ತಿ ಜೆ.ಎಂ. ಶೇಲತ್. ಕೆ.ಎಸ್. ಹೆಗ್ಡೆ ಅವರೂ ಮುಂದೆ ಸುಪ್ರೀಂ ಕೋರ್ಟಿಗೆ ಹೋದರು. 1973ರ ಏಪ್ರಿಲ್ 24ರಂದು ಕಾಸರಗೋಡಿನ ಎಡನೀರು ಮಠದ ಕೇಶವಾನಂದ ಭಾರತೀ ಸ್ವಾಮೀಜಿ ಪ್ರಕರಣದ ತೀರ್ಪು ಬಂತು. ಅದರ ಬೆನ್ನಿಗೇ ಸರ್ಕಾರ ಶೇಲತ್, ಹೆಗ್ಡೆ, ಗ್ರೋವರ್ ಮೂವರ ಹಿರಿತನ ಕಡೆಗಣಿಸಿ ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಮಾಡಿತು. ಮೂವರೂ ರಾಜೀನಾಮೆ ಕೊಟ್ಟರು. ಪ್ರಜೆ ದೇಶದ ಗಡಿ ದಾಟಿ ಹೋಗಿಬರುವ ಹಕ್ಕನ್ನು ಎತ್ತಿಹಿಡಿದ ಇಬ್ಬರು ನ್ಯಾಯಮೂರ್ತಿಗಳು ಒಂದೇ ದಿನ ಬೆಲೆ ತೆತ್ತರು ಎಂಬುದು ನನ್ನ ಮನಸ್ಸಿನಲ್ಲಿ ಉಳಿದಿರುವ ಸಂಗತಿ.

ಹೆಗ್ಡೆ ಲೋಕಸಭೆಯ ಸ್ಪೀಕರ್ ಆಗಿದ್ದಾಗ, 1978ರ ಜನವರಿ 25ರಂದು, ಮೇನಕಾ ಗಾಂಧಿ ಪ್ರಕರಣದ ತೀರ್ಪು ಹೊರಬಿತ್ತು. ಅದರ ಕಥೆ ಗೂಳೂರಿನ ಹುಡುಗಿಯ ಕಥೆಗೆ ಬಹಳ ಹತ್ತಿರ. 1977ರ ಜುಲೈಯಲ್ಲಿ ದಿಲ್ಲಿಯ ಪಾಸ್‌ಪೋರ್ಟ್ ಅಧಿಕಾರಿ ಆಕೆಗೆ ಪತ್ರ ಬರೆದು, ಸಾರ್ವಜನಿಕ ಹಿತದೃಷ್ಟಿಯಿಂದ ನಿಮ್ಮ ಪಾಸ್‌ಪೋರ್ಟ್ ವಶಕ್ಕೆ ಪಡೆಯಲು ಸರ್ಕಾರ ತೀರ್ಮಾನಿಸಿದೆ, ಏಳು ದಿನದಲ್ಲಿ ಒಪ್ಪಿಸಿ ಎಂದರು. ಕಾರಣ ಕೊಡಿ ಎಂದು ಆಕೆ ಕೇಳಿದರು. ಸಾರ್ವಜನಿಕ ಹಿತದೃಷ್ಟಿಯಿಂದ ಕಾರಣ ಕೊಡಲಾಗದು ಎಂಬ ಉತ್ತರ ಬಂತು. ಏಳು ನ್ಯಾಯಮೂರ್ತಿಗಳ ಪೀಠ ಅದನ್ನು ಒಪ್ಪಲಿಲ್ಲ. ಸ್ವಾತಂತ್ರ್ಯ ಕಸಿಯುವ ಕ್ರಮ ಕಾಗದದ ಮೇಲೆ ಇದ್ದರೆ ಸಾಲದು, ಅದು ನ್ಯಾಯಯುತವಾಗಿ, ಸಮಂಜಸವಾಗಿ ಇರಬೇಕು. ಬಾಧಿತರ ಮಾತು ಕೇಳಬೇಕು. ಕಾರಣವನ್ನು ಸುಮ್ಮನೆ ಬಚ್ಚಿಡುವಂತಿಲ್ಲ ಎಂದಿತು. ಆಕೆಯ ಅಹವಾಲು ಕೇಳಿ ಮರುಪರಿಶೀಲಿಸುವುದಾಗಿ ಅಟಾರ್ನಿ ಜನರಲ್ ಭರವಸೆ ಕೊಟ್ಟಿದ್ದರಿಂದ ಆ ನಿರ್ದಿಷ್ಟ ಆದೇಶವನ್ನು ನ್ಯಾಯಾಲಯ ರದ್ದುಮಾಡಲಿಲ್ಲ. ಆದರೆ ಅಂದು ಹಾಕಿಕೊಟ್ಟ ತತ್ವ ಇಂದು ಭೂಸ್ವಾಧೀನದಿಂದ ಜೈಲಿನ ತನಕ ಎಲ್ಲ ಕಡೆ ನ್ಯಾಯಾಲಯಗಳ ಕೈಪಿಡಿ.

ಕೊಟ್ಟ ಪಾಸ್‌ಪೋರ್ಟನ್ನು ಹಿಂಪಡೆಯುವಾಗಲೂ ಈ ಶಿಸ್ತು ತಪ್ಪುವಂತಿಲ್ಲ. 2024ರ ಏಪ್ರಿಲ್ ಕೊನೆಯಲ್ಲಿ ಹಾಸನದ ಅಂದಿನ ಸಂಸದ ಪ್ರಜ್ವಲ್ ರೇವಣ್ಣ ಗಂಭೀರ ಆರೋಪಗಳ ನಡುವೆ ರಾಜತಾಂತ್ರಿಕ ಪಾಸ್‌ಪೋರ್ಟಿನಲ್ಲಿ ಜರ್ಮನಿಗೆ ಹೋಗಿದ್ದರು. ರಾಜ್ಯವಿಡೀ ಆಕ್ರೋಶ, ಪಾಸ್‌ಪೋರ್ಟ್ ರದ್ದುಮಾಡಿ ಎಂದು ಮುಖ್ಯಮಂತ್ರಿ ಸಿದ್ದರಾಮಯ್ಯ ಪ್ರಧಾನಿಗೆ ಪತ್ರ ಬರೆದರು. ಆಗಲೂ ವಿದೇಶಾಂಗ ಸಚಿವಾಲಯ ಮಾಡಿದ್ದು ಕಾರಣ ಕೇಳಿ ನೋಟಿಸ್ ಕಳುಹಿಸುವುದನ್ನು. ನಿಧಾನವಾಯಿತು ಎಂದು ಹಲವರು ಸಿಟ್ಟಾದರು, ಆ ಸಿಟ್ಟು ಅರ್ಥವಾಗುವಂಥದ್ದೇ. ಆದರೆ ಅಂಥ ಪ್ರಕರಣದಲ್ಲೂ ನೋಟಿಸ್ ಬೇಕು ಎಂದಮೇಲೆ, ಬದುವಿನ ಜಗಳದ ನಾಲ್ಕನೇ ಆರೋಪಿಗೆ ಒಂದು ಪತ್ರವಾದರೂ ಬೇಡವೇ? ಪೊಲೀಸರಿಗೂ ಗೆರೆ ಇದೆ. ತನಿಖೆಗಾಗಿ ಪಾಸ್‌ಪೋರ್ಟ್ ಜಪ್ತಿ ಮಾಡಬಹುದು, ಆದರೆ ಅದನ್ನು ಹಿಡಿದಿಟ್ಟುಕೊಂಡು ಕೂರುವ ಅಧಿಕಾರ ಪಾಸ್‌ಪೋರ್ಟ್ ಪ್ರಾಧಿಕಾರಿಗೆ ಮಾತ್ರ ಎಂದು 2008ರ ಸುರೇಶ್ ನಂದಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಅಧಿಕಾರಿಯ ಕಡೆಯ ಮಾತನ್ನೂ ಹೇಳಬೇಕು. ಆ ಕುರ್ಚಿಯಲ್ಲಿ ಕೂತವರಿಗೆ ಇಲ್ಲ ಎನ್ನುವ ಕರ್ತವ್ಯವೂ ಇದೆ. ಸುಳ್ಳು ದಾಖಲೆ ಕೊಟ್ಟು ಪ್ರಜೆಯೆಂದು ತೋರಿಸಿಕೊಳ್ಳುವವರು, ಕೋರ್ಟು ತಪ್ಪಿಸಿ ಓಡಲು ನೋಡುವವರು, ತಂದೆ ತಾಯಿ ಜಗಳದಲ್ಲಿ ಮಗುವನ್ನು ಇನ್ನೊಬ್ಬರಿಗೆ ತಿಳಿಯದಂತೆ ವಿದೇಶಕ್ಕೆ ಸಾಗಿಸುವವರು, ಎಲ್ಲರೂ ಅದೇ ಸಾಲಿನಲ್ಲಿ ನಿಂತಿರುತ್ತಾರೆ. ಮಾಹಿತಿ ಮುಚ್ಚಿಟ್ಟು ಅರ್ಜಿ ಹಾಕುವುದು 12ನೇ ಸೆಕ್ಷನ್ ಪ್ರಕಾರ ಎರಡು ವರ್ಷದವರೆಗೆ ಜೈಲು ಶಿಕ್ಷೆ ಆಗಬಹುದಾದ ಅಪರಾಧ. ಆದ್ದರಿಂದ ಅರ್ಜಿಯಲ್ಲಿ ಕ್ರಿಮಿನಲ್ ಪ್ರಕರಣದ ಪ್ರಶ್ನೆ ಬಂದಾಗ ಏಜೆಂಟರು ‘ಇಲ್ಲ ಅಂತ ಹಾಕಿ, ಏನೂ ಆಗಲ್ಲ’ ಎಂದರೆ ಕೇಳಬೇಡಿ. ಬದುವಿನ ಜಗಳದ ಎಫ್‌ಐಆರ್ ಅಡ್ಡಿಯಾಗದಿರಬಹುದು, ಸುಳ್ಳು ಹೇಳಿದ್ದು ಅಡ್ಡಿಯಾದೀತು.

ನಮ್ಮ ಹಳ್ಳಿಗಾಡಿನ ಇನ್ನೊಂದು ತೊಡಕು ಹೆಸರಿನದು. ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಯಲ್ಲಿ ಮಂಜುನಾಥ ಜಿ.ಎಸ್., ಆಧಾರ್‌ನಲ್ಲಿ ಮಂಜುನಾಥ್, ಪಡಿತರ ಚೀಟಿಯಲ್ಲಿ ಮಂಜಣ್ಣ. ಇನಿಷಿಯಲ್ ಬಿಡಿಸಿ ಬರೆಯಬೇಕು ಎಂದಾಗ ಜಿ ಅಂದರೆ ಗೂಳೂರು, ಎಸ್ ಅಂದರೆ ಅಪ್ಪ ಸಿದ್ದಪ್ಪ. ಊರ ಹೆಸರು ಮನೆತನದ ಹೆಸರಾಗಿ ಪುಸ್ತಕಕ್ಕೆ ಇಳಿಯುತ್ತದೆ. ದಾಖಲೆಗಳು ತಾಳೆಯಾಗದಿದ್ದರೆ ಸ್ಪಷ್ಟೀಕರಣ ಕೇಳುವುದು ಅಧಿಕಾರಿಯ ಕೆಲಸ ನಿಜ. ಕೇಳಬೇಕಾದ್ದೆಲ್ಲವನ್ನೂ ಒಂದೇ ಸಲ, ಬರೆದು ಕೇಳುವುದು ಕೂಡ ಅದೇ ಕೆಲಸದ ಭಾಗ. ಸೋಮವಾರ ಒಂದು ಕಾಗದ, ಶುಕ್ರವಾರ ಇನ್ನೊಂದು ಕಾಗದ ಎಂದು ಬಾಯಲ್ಲಿ ಹೇಳಿ ಓಡಾಡಿಸಿದರೆ ದಿನಗೂಲಿಯವನ ಕೂಲಿ ಹೋಗುತ್ತದೆ. ಹತ್ತನೇ ತರಗತಿ ಪಾಸಾಗದವರ ಕಷ್ಟ ಇನ್ನೂ ಹೆಚ್ಚು. ಅವರ ಪಾಸ್‌ಪೋರ್ಟಿಗೆ ಇಸಿಆರ್ ಮುದ್ರೆ ಬಿದ್ದರೆ ಕೊಲ್ಲಿ ರಾಷ್ಟ್ರಗಳೂ ಸೇರಿ 18 ದೇಶಗಳಿಗೆ ಕೆಲಸಕ್ಕೆ ಹೋಗಲು ವಲಸೆ ಅನುಮತಿ ಬೇರೆ ಬೇಕು. ದುಡಿಯಲು ಹೋಗುವವರ ರಕ್ಷಣೆಗೆಂದೇ ಇರುವ ನಿಯಮ ಅದು. ಅದನ್ನು ಕೌಂಟರಿನಲ್ಲಿ ಬಿಡಿಸಿ ಹೇಳುವವರು ಬೇಕಷ್ಟೆ.

ಸರ್ಕಾರ ಈ ದಿಕ್ಕಿನಲ್ಲಿ ಏನೂ ಮಾಡಿಲ್ಲ ಎಂದರೆ ತಪ್ಪಾಗುತ್ತದೆ. ಮದ್ದೂರಿನ ಸೋಮನಹಳ್ಳಿಯ ಎಸ್.ಎಂ. ಕೃಷ್ಣ ವಿದೇಶಾಂಗ ಸಚಿವರಾಗಿದ್ದಾಗ, 2010ರಲ್ಲಿ, ಪಾಸ್‌ಪೋರ್ಟ್ ಸೇವಾ ಕೇಂದ್ರಗಳ ಪ್ರಯೋಗ ಆರಂಭವಾದ ಜಾಗಗಳಲ್ಲಿ ಬೆಂಗಳೂರು ಒಂದು. ಅಂಚೆ ಕಚೇರಿಗಳಲ್ಲಿ ಇಂಥ ಕೇಂದ್ರ ತೆರೆಯುವ ಯೋಜನೆ 2017ರ ಜನವರಿಯಲ್ಲಿ ಮೊದಲು ಶುರುವಾದದ್ದು ಮೈಸೂರು ಮತ್ತು ಗುಜರಾತಿನ ದಾಹೋದ್‌ನಲ್ಲಿ. ಅದಕ್ಕೂ ತಿಂಗಳ ಮುಂಚೆ, 2016ರ ಡಿಸೆಂಬರಿನಲ್ಲಿ, ತಂದೆ ತಾಯಿ ಇಬ್ಬರ ಹೆಸರೂ ಬೇಕೇಬೇಕೆಂಬ ಹಟ ಬಿಟ್ಟು ಒಬ್ಬರ ಹೆಸರು ಸಾಕು ಎಂದರು, ಮದುವೆ ಪ್ರಮಾಣಪತ್ರ ಕೇಳುವುದನ್ನು ನಿಲ್ಲಿಸಿದರು. ನೋಟರಿ ಮುದ್ರೆ ಬೇಡ, ಬಿಳಿ ಹಾಳೆಯಲ್ಲಿ ಸ್ವಯಂ ಘೋಷಣೆ ಸಾಕು ಎಂದರು. ಸನ್ಯಾಸಿಗಳು ತಂದೆ ತಾಯಿಯ ಜಾಗದಲ್ಲಿ ಗುರುವಿನ ಹೆಸರು ಬರೆಯಬಹುದು ಎಂಬ ಅವಕಾಶವನ್ನೂ ಕೊಟ್ಟರು. ಮಠಗಳ ಜಿಲ್ಲೆಯಾದ ತುಮಕೂರಿಗೆ ಅದು ಸಣ್ಣ ಮಾತಲ್ಲ. ಸೇವಾ ಕೇಂದ್ರಗಳಲ್ಲಿ ಫೋಟೊ ತೆಗೆಯುವ, ಕಾಗದ ಸ್ಕ್ಯಾನ್ ಮಾಡುವ ಕೆಲಸ ಖಾಸಗಿ ಸಂಸ್ಥೆಯ ಸಿಬ್ಬಂದಿಯದು, ತೀರ್ಮಾನ ಸರ್ಕಾರಿ ಅಧಿಕಾರಿಯದೇ. ಹಾಗಾಗಿ ಮೊದಲ ಕೌಂಟರಿನಲ್ಲಿ ಯಾರಾದರೂ ‘ನಿಮಗೆ ಸಿಗಲ್ಲ’ ಎಂದರೆ ಅದು ಆದೇಶವಲ್ಲ.

ಠಾಣೆಯ ಬಗ್ಗೆ ಒಂದು ಮಾತು. ಪಾಸ್‌ಪೋರ್ಟಿನ ಪೊಲೀಸ್ ಪರಿಶೀಲನೆಗೆ ಅರ್ಜಿದಾರರು ಠಾಣೆಯಲ್ಲಿ ಕಟ್ಟಬೇಕಾದ ಹಣ ಏನೂ ಇಲ್ಲ. ‘ಕಾಫಿ ಖರ್ಚು’ ಎಂಬ ಹೆಸರಿನಲ್ಲಿ ಕೊಡುವುದು ಲಂಚ, ಕೇಳುವುದೂ ಲಂಚ. ಪೊಲೀಸರು ನೋಡಬೇಕಾದ್ದು ಮುಖ್ಯವಾಗಿ ಎರಡು, ಅರ್ಜಿದಾರರ ಪೌರತ್ವ ಮತ್ತು ಅಪರಾಧದ ಹಿನ್ನೆಲೆ. ಎಫ್‌ಐಆರ್ ಇದ್ದರೆ ಅದರ ಹಂತ ಏನು, ದೋಷಾರೋಪ ಪಟ್ಟಿ ಹೋಗಿದೆಯೇ ಎಂದು ವರದಿಯಲ್ಲೇ ಬರೆದರೆ ಕೋರಮಂಗಲದ ಕೆಲಸ ಅರ್ಧ ಮುಗಿಯುತ್ತದೆ. ಅಡ್ವರ್ಸ್ ಎಂಬ ಒಂದೇ ಪದ ಬರೆದು ಕಳುಹಿಸಿದರೆ ಒಂದು ಮನೆಯ ಆರು ತಿಂಗಳು ಹಾಳಾಗುತ್ತದೆ.

ಈಗ ಮತ್ತೆ ಆ ಮೌನದ ವಿಚಾರ. 11ನೇ ಸೆಕ್ಷನ್ ಪ್ರಕಾರ ನಿರಾಕರಣೆಯ ಆದೇಶದ ಮೇಲೆ ದಿಲ್ಲಿಯ ಮುಖ್ಯ ಪಾಸ್‌ಪೋರ್ಟ್ ಅಧಿಕಾರಿಗೆ ಮೇಲ್ಮನವಿ ಸಲ್ಲಿಸಬಹುದು, ಆದೇಶ ತಲುಪಿದ 30 ದಿನಗಳೊಳಗೆ. ಆದರೆ ಆದೇಶವೇ ಇಲ್ಲದಿದ್ದರೆ ಯಾವುದರ ಮೇಲೆ ಮೇಲ್ಮನವಿ? ಕೊಡದೆಯೂ ನಿರಾಕರಿಸದೆಯೂ ಕಡತವನ್ನು ಇಟ್ಟುಕೊಂಡು ಕೂತ ಅಧಿಕಾರಿ ಪಾಸ್‌ಪೋರ್ಟನ್ನು ಮಾತ್ರವಲ್ಲ, ಅರ್ಜಿದಾರಳ ಮೇಲ್ಮನವಿಯ ಹಕ್ಕನ್ನೂ ತಡೆಹಿಡಿದಿರುತ್ತಾನೆ. ಉಳಿಯುವುದು ಹೈಕೋರ್ಟಿಗೆ ರಿಟ್ ಅರ್ಜಿ. ನರ್ಸಿಂಗ್ ಮುಗಿಸಿದ ಹುಡುಗಿಯ ಅಪ್ಪ ಅದಕ್ಕೆ ಎಷ್ಟು ಎಕರೆ ಅಡಕೆ ತೋಟ ಅಡ ಇಡಬೇಕು? ನನ್ನ ಮಟ್ಟಿಗೆ ತಪ್ಪು ನಿರಾಕರಣೆಗಿಂತ ಕೆಟ್ಟದ್ದು ಈ ಸುಮ್ಮನಿರುವಿಕೆ. ತಪ್ಪು ಆದೇಶವನ್ನು ತಿದ್ದಿಸಬಹುದು.

ಆದ್ದರಿಂದ ಗೂಳೂರು, ಗುಬ್ಬಿ, ಕುಣಿಗಲ್ಲಿನ ಓದುಗರಲ್ಲಿ ನನ್ನದೊಂದು ವಿನಂತಿ. ಕಡತ ನಿಂತಿದೆ ಎಂದು ಗೊತ್ತಾದ ದಿನವೇ ಪ್ರಾದೇಶಿಕ ಪಾಸ್‌ಪೋರ್ಟ್ ಅಧಿಕಾರಿಗೆ ಸ್ಪೀಡ್ ಪೋಸ್ಟ್‌ನಲ್ಲಿ ಪತ್ರ ಬರೆಯಿರಿ. ಕಡತ ಸಂಖ್ಯೆ ನಮೂದಿಸಿ. 5ನೇ ಸೆಕ್ಷನ್ ಅಡಿ ಲಿಖಿತ ಆದೇಶ ಕೊಡಿ, ನಿರಾಕರಿಸುವುದಾದರೆ 6ನೇ ಸೆಕ್ಷನ್ನಿನ ಯಾವ ಖಂಡ ಎಂದು ತಿಳಿಸಿ, ಕಾರಣಗಳ ಪ್ರತಿ ಕೊಡಿ ಎಂದು ಕೇಳಿ. ಎಫ್‌ಐಆರ್ ಅಡ್ಡ ಬಂದಿದ್ದರೆ 2019ರ ಅಕ್ಟೋಬರ್ 10ರ ಜ್ಞಾಪನ ಪತ್ರವನ್ನು ಹೆಸರಿಸಿ. ಪೊಲೀಸ್ ವರದಿಯ ಪ್ರತಿ ಬೇಕಿದ್ದರೆ ಮಾಹಿತಿ ಹಕ್ಕಿನಡಿ ಹತ್ತು ರೂಪಾಯಿಯ ಅರ್ಜಿ ಹಾಕಿ. ಕಾರಣಗಳ ಪ್ರತಿಯನ್ನು ಕಾಯ್ದೆ ಕೊಡಿಸುವುದು ಕೇಳಿದವರಿಗೆ ಮಾತ್ರ, ಆದ್ದರಿಂದ ಕೇಳಿ, ಬರೆದೇ ಕೇಳಿ. ನಿರಾಕರಣೆಯ ಆದೇಶ ಕೈಗೆ ಬಂದ ದಿನಾಂಕವನ್ನು ಲಕೋಟೆಯ ಮೇಲೆ ಗುರುತು ಮಾಡಿಟ್ಟುಕೊಳ್ಳಿ. 30 ದಿನ ಎಣಿಸುವುದು ಅಲ್ಲಿಂದ.